ಕಳಂಕವಿಲ್ಲದ ಸಾಕ್ಷಿಗೆ ಕಾಯುವವರು

2025ರ ಅಕ್ಟೋಬರ್ ಕೊನೆಯಲ್ಲಿ ವೈಟ್‌ಫೀಲ್ಡ್ ವಿಭಾಗದ ಬೆಳ್ಳಂದೂರು ಠಾಣೆಯ ಒಬ್ಬ ಪಿಎಸ್‌ಐ ಮತ್ತು ಒಬ್ಬ ಕಾನ್‌ಸ್ಟೆಬಲ್ ಅಮಾನತಾದ ಸುದ್ದಿ ಹಲವರಿಗೆ ನೆನಪಿರಬಹುದು. ಮಗಳನ್ನು ಕಳೆದುಕೊಂಡ ತಂದೆಯೊಬ್ಬರು, ಆಂಬುಲೆನ್ಸಿನಿಂದ ಹಿಡಿದು ಪೊಲೀಸ್ ಠಾಣೆ, ಚಿತಾಗಾರ, ಮರಣ ಪ್ರಮಾಣಪತ್ರದವರೆಗೆ ಹೆಜ್ಜೆಹೆಜ್ಜೆಗೂ ತಮ್ಮಿಂದ ಹಣ ಕೇಳಿದರೆಂದು ಸಾಮಾಜಿಕ ಜಾಲತಾಣದಲ್ಲಿ ಬರೆದುಕೊಂಡಿದ್ದರು. ಓದಿದವರ ಕರುಳು ಕಿವುಚಿದಂತಾಗುವ ಬರಹ ಅದು. ಜನ ಅದನ್ನು ತಕ್ಷಣ ನಂಬಿದರು, ಇಲಾಖೆಯೂ ತಡಮಾಡಲಿಲ್ಲ. ನಂಬಿದ್ದು ಸರಿಯೇ. ಆದರೂ ಅಷ್ಟು ಬೇಗ ನಂಬಿದ ನಮ್ಮ ಮನಸ್ಸನ್ನು ಒಮ್ಮೆ ತಡೆದು ನೋಡಿಕೊಳ್ಳಬೇಕೆನ್ನಿಸುತ್ತದೆ. ಬರೆದವರು ಹಿರಿಯ ಹುದ್ದೆಯಲ್ಲಿದ್ದು ನಿವೃತ್ತರಾದವರು. ಆದದ್ದನ್ನು ಆದ ಕ್ರಮದಲ್ಲಿ, ಒಪ್ಪವಾದ ಇಂಗ್ಲಿಷಿನಲ್ಲಿ ಹೇಳಬಲ್ಲವರು. ಅವರ ಮಾತಿಗೆ ಅವರ ಬದುಕೇ ಜಾಮೀನು ನಿಂತಿತ್ತು. ಅಂಥ ಜಾಮೀನಿಲ್ಲದ ಇನ್ನೊಬ್ಬ ಅದೇ ಮಾತನ್ನು ಹೇಳಿದ್ದರೆ ನಮಗೆ ಅಷ್ಟೇ ಬೇಗ ನಂಬಿಕೆ ಬರುತ್ತಿತ್ತೇ?

ಪೀಣ್ಯ ಎರಡನೇ ಹಂತದ ಯಾವುದೋ ಲೇತ್ ಶಾಪಿನಲ್ಲಿ ದುಡಿಯುವ, ಕಲಬುರಗಿ ಕಡೆಯಿಂದ ಬಂದ ಒಬ್ಬ ಹುಡುಗನನ್ನು ಊಹಿಸಿಕೊಳ್ಳೋಣ. ಅವನ ಬೈಕು ಠಾಣೆಯ ಅಂಗಳದಲ್ಲಿ ನಿಂತಿದೆ, ಬಿಡಲು ದುಡ್ಡು ಕೇಳಿದರು ಎನ್ನುತ್ತಾನೆ. ಯಾವತ್ತು ಎಂದರೆ ತಾರೀಖು ಗೊತ್ತಿಲ್ಲ, ‘ದಸರಾ ಮುಗದ ಮ್ಯಾಲ್ರೀ’ ಎನ್ನುತ್ತಾನೆ. ಎಷ್ಟು ಹೊತ್ತಿಗೆ ಎಂದರೆ ‘ಸೆಕೆಂಡ್ ಶಿಫ್ಟ್ ಬಿಟ್ಟಿತ್ರೀ’ ಎನ್ನುತ್ತಾನೆ. ಎಷ್ಟು ಕೇಳಿದರು ಎಂದರೆ ಒಮ್ಮೆ ಐದು ಸಾವಿರ, ಇನ್ನೊಮ್ಮೆ ಮೂರು. ನಡುವಿನ ಎರಡು ಸಾವಿರ ಠಾಣೆಯೆದುರಿನ ಚಹಾ ಅಂಗಡಿಯವನ ಕೈಗೆ ಆಗಲೇ ಹೋಗಿದ್ದನ್ನು ಅವನು ಹೇಳುವುದು ಮೂರನೆಯ ಸಲ ಕೇಳಿದಾಗ. ಬೈಕಿನ ಇನ್ಶೂರೆನ್ಸ್ ಮುಗಿದು ತಿಂಗಳುಗಳಾಗಿತ್ತು. ಅದೇ ಹೆಡ್ ಕಾನ್‌ಸ್ಟೆಬಲ್ ಜತೆ ಹಿಂದೊಮ್ಮೆ ಮಾತಿಗೆ ಮಾತು ಬೆಳೆದಿತ್ತು. ಈ ಹಿಂದೆಯೂ ಏನೋ ಕೊಟ್ಟು ಪಾರಾಗಿದ್ದುಂಟು. ಕೇಳುತ್ತ ಕೇಳುತ್ತ ನಮ್ಮ ಮುಖ ಬಿಗಿಯುತ್ತದೆ. ಇವನೂ ಸರಿಯಿಲ್ಲ ಎಂಬ ತೀರ್ಪು, ಅವನು ಮಾತು ಮುಗಿಸುವ ಮೊದಲೇ ನಮ್ಮೊಳಗೆ ಬರೆದಾಗಿರುತ್ತದೆ. ಆದರೆ ಅವನು ಸರಿಯಿಲ್ಲದಿರುವುದಕ್ಕೂ ಅವನಿಂದ ದುಡ್ಡು ಕೇಳಿದ್ದು ನಿಜವಾಗಿರುವುದಕ್ಕೂ ಏನು ವಿರೋಧ? ಅವನಲ್ಲಿ ಅಷ್ಟಿಷ್ಟು ತಪ್ಪಿದ್ದುದರಿಂದಲೇ ಅಲ್ಲವೇ, ಅವನನ್ನು ಕೇಳುವ ಧೈರ್ಯ ಆ ಕಡೆಯವರಿಗೆ ಬಂದದ್ದು? ಅವನನ್ನು ಬೇಟೆಯಾಗಿಸಿದ ಕಾರಣವೇ ಅವನ ಮಾತನ್ನು ತಳ್ಳಿಹಾಕುವುದಕ್ಕೂ ಕಾರಣವಾಗುವುದಾದರೆ, ಆ ಹುಡುಗನಿಗೆ ಹೋಗಲು ಇನ್ನೆಲ್ಲಿ ದಾರಿ?

ಲಂಚ ಇಬ್ಬರ ನಡುವೆ, ಮೂರನೆಯವರ ಕಣ್ಣಿಲ್ಲದ ಜಾಗದಲ್ಲಿ ನಡೆಯುವಂಥದ್ದು. ಕೊಲೆಗಾದರೂ ದಾರಿಹೋಕನೊಬ್ಬ ಸಾಕ್ಷಿಯಾಗಿ ಸಿಕ್ಕಬಹುದು. ಲಂಚದ ಮಾತು ಕಿವಿಗೆ ಬೀಳುವಷ್ಟು ಹತ್ತಿರ ಇರುವವನು ಒಂದೋ ಗರಜಿದ್ದವನು, ಇಲ್ಲವೇ ಪಾಲುದಾರ. ಯಾವ ಗರಜೂ ಇಲ್ಲದ, ಯಾವ ಸಿಟ್ಟೂ ಇಲ್ಲದ, ಹಿಂದೆಂದೂ ಕೈ ಬಿಸಿ ಮಾಡದ, ಕಾಗದಪತ್ರವೆಲ್ಲ ನೆಟ್ಟಗಿರುವ ದೂರುದಾರನೇ ಬೇಕೆಂದು ಕಾದು ಕೂತರೆ ಅಂಥವನು ಬರುವುದೇ ಇಲ್ಲ. ನ್ಯಾಯಾಲಯಗಳಿಗೂ ಈ ಇಕ್ಕಟ್ಟು ಹಳೆಯದೇ. ದೂರುದಾರನ ಮಾತಿಗೆ ಸಹಾಪರಾಧಿಯ ಮಾತಿಗಿಂತ ಹೆಚ್ಚಿನ ಬೆಲೆಯಿಲ್ಲ, ಅದಕ್ಕೆ ಬೇರೆ ಕಡೆಯಿಂದ ಆಸರೆ ಬೇಕು ಎಂದು 1979ರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. 1995ರ ಇನ್ನೊಂದು ತೀರ್ಪಿನಲ್ಲಿ ಅದೇ ನ್ಯಾಯಾಲಯ, ಬೇರೆ ದಾರಿಯಿಲ್ಲದೆ ಕೊಟ್ಟವನನ್ನು ಅಪರಾಧದಲ್ಲಿ ಕೈಜೋಡಿಸಿದವನೊಂದಿಗೆ ಒಂದೇ ಸಾಲಿನಲ್ಲಿ ನಿಲ್ಲಿಸಲಾಗದು ಎಂದು ವಿವೇಚಿಸಿತು. ಈ ಎರಡು ಮಾತುಗಳ ನಡುವೆ ಎಲ್ಲೋ, ಮನುಷ್ಯನನ್ನು ಅವನ ಕುಂದುಗಳ ಸಮೇತ ಕೇಳಿಸಿಕೊಳ್ಳುವ ಒಂದು ಜಾಗವಿದೆ.

ಆ ಆಸರೆಯನ್ನು ಒದಗಿಸಲೆಂದೇ ಟ್ರ್ಯಾಪ್ ಎಂಬ ಏರ್ಪಾಡು ಬಂತು. ಲೋಕಾಯುಕ್ತ ಪೊಲೀಸರು ದೂರುದಾರ ತಂದ ನೋಟುಗಳ ನಂಬರುಗಳನ್ನು ಬರೆದುಕೊಳ್ಳುತ್ತಾರೆ, ನೋಟಿಗೆ ಫಿನಾಫ್ತಲೀನ್ ಪುಡಿ ಸವರುತ್ತಾರೆ. ಬೇರೆ ಯಾವುದೋ ಇಲಾಖೆಯಿಂದ ಕರೆಸಿದ ಇಬ್ಬರು ನೌಕರರು ಪಂಚರಾಗಿ ಕೂತಿರುತ್ತಾರೆ. ಅವರಲ್ಲೊಬ್ಬರು ಆ ನೋಟುಗಳನ್ನು ಎಣಿಸಿ ದೂರುದಾರನ ಜೇಬಿಗಿಟ್ಟು, ಬೆರಳುಗಳನ್ನು ಸೋಡಿಯಂ ಕಾರ್ಬೊನೇಟ್ ದ್ರಾವಣದಲ್ಲಿ ಅದ್ದುತ್ತಾರೆ. ಬಣ್ಣವಿಲ್ಲದ ನೀರು ಗುಲಾಬಿಯಾಗುತ್ತದೆ. ಕೇಳಿದರೆ ಮಾತ್ರ ಕೊಡಬೇಕು, ಕೈಕುಲುಕಬಾರದು, ಕೊಟ್ಟಾದ ಮೇಲೆ ತಲೆ ಸವರಿಕೊಂಡೋ ಮುಖ ಒರೆಸಿಕೊಂಡೋ ಸನ್ನೆ ಮಾಡಬೇಕು ಎಂದು ತಿಳಿಹೇಳುತ್ತಾರೆ. ಜೇಬಿನಲ್ಲೊಂದು ವಾಯ್ಸ್ ರೆಕಾರ್ಡರ್. ಪಕ್ಕದಲ್ಲಿ, ನಡೆಯುವ ಮಾತುಕತೆಯನ್ನು ಕೇಳಿಸಿಕೊಳ್ಳಬೇಕಾದ ನೆರಳು ಸಾಕ್ಷಿ. ಎಲ್ಲಕ್ಕೂ ಮಹಜರು, ಎಲ್ಲಕ್ಕೂ ಸಹಿ. ಕೈತೊಳೆದ ನೀರಿನ ಬಾಟಲಿಗಳಿಗೆ ಸೀಲು ಬಿದ್ದು ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಪಯಣ. ಈ ಪ್ರತಿಯೊಂದು ಹಂತವೂ ಅಪನಂಬಿಕೆಯಿಂದ ಹುಟ್ಟಿದ್ದೇ ಹೌದು. ಆದರೆ ಆ ಅಪನಂಬಿಕೆಯಲ್ಲಿ ನನಗೆ ಒಂದು ಸೌಜನ್ಯ ಕಾಣುತ್ತದೆ. ನೀನು ಎಂಥವನಾದರೂ ಇರು, ನಿನ್ನ ಈ ಒಂದು ಮಾತು ನಿಜವೋ ಅಲ್ಲವೋ ಎಂದು ನೋಡಲು ನಾವು ಇಷ್ಟು ಶ್ರಮ ಪಡುತ್ತೇವೆ ಎಂದು ಅದು ಆ ಹುಡುಗನಿಗೆ ಹೇಳುತ್ತಿದೆ. ನಾವು ಮನೆಯಲ್ಲಿ, ಆಫೀಸಿನಲ್ಲಿ, ಅಪಾರ್ಟ್‌ಮೆಂಟಿನ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಇನ್ನೊಬ್ಬರ ಮಾತಿಗೆ ಎಂದಾದರೂ ಇಷ್ಟು ಶ್ರಮ ಪಟ್ಟಿದ್ದೇವೆಯೇ?

‘ಲೋಕಾಯುಕ್ತ ಬಲೆಗೆ’ ಎಂಬ ಸುದ್ದಿ ಓದಿ ಸಮಾಧಾನಪಟ್ಟವರು, ಕೆಲವು ವರ್ಷಗಳ ನಂತರ ಅದೇ ವ್ಯಕ್ತಿ ಖುಲಾಸೆಯಾದ ಸುದ್ದಿ ಓದಿ ಕೆರಳುವುದು ಸಹಜ. ದುಡ್ಡು ಕೈಯಲ್ಲೇ ಸಿಕ್ಕಿತ್ತಲ್ಲ, ನೀರು ಗುಲಾಬಿಯಾಗಿತ್ತಲ್ಲ ಎನ್ನುತ್ತೇವೆ. ಆದರೆ ಗುಲಾಬಿ ಬಣ್ಣ ಮುಟ್ಟಿದ್ದನ್ನಷ್ಟೇ ಹೇಳಬಲ್ಲದು. ಕೇಳಿದ್ದನ್ನು ಹೇಳಲು ಮನುಷ್ಯನೇ ಬೇಕು. ಕೈಸಾಲ ತೀರಿಸಲು ಕೊಟ್ಟದ್ದು, ಬೇಡವೆಂದರೂ ಜೇಬಿಗೆ ತುರುಕಿದ್ದು ಎಂಬ ವಾದಗಳು ಆರೋಪಿಯ ಕಡೆಯಿಂದ ಬರುವುದು ಮಾಮೂಲು. ಅವು ಎಲ್ಲ ಸಲವೂ ಸುಳ್ಳೇ ಆಗಿರಬೇಕೆಂದೇನೂ ಇಲ್ಲ. ಆದ್ದರಿಂದಲೇ 1988ರ ಭ್ರಷ್ಟಾಚಾರ ತಡೆ ಕಾಯ್ದೆಯ ಅಡಿ ಬೇಡಿಕೆ ಸಾಬೀತಾಗಬೇಕೆಂದು ನ್ಯಾಯಾಲಯಗಳು ಪಟ್ಟು ಹಿಡಿದು ಬಂದಿವೆ. ಹಾಗಾದರೆ ದೂರುದಾರ ತೀರಿಕೊಂಡರೆ, ಅಥವಾ ಕಟಕಟೆಯಲ್ಲಿ ನಿಂತು ಉಲ್ಟಾ ಹೊಡೆದರೆ? ನೀರಜ್ ದತ್ತಾ ಪ್ರಕರಣ ಎಂದು ಹೆಸರಾದ ದೆಹಲಿಯ ಪ್ರಕರಣವೊಂದರಲ್ಲಿ ಈ ಪ್ರಶ್ನೆ ಸಂವಿಧಾನ ಪೀಠದ ಮುಂದೆ ಬಂತು. 2022ರ ಡಿಸೆಂಬರ್ 15ರಂದು ಬಂದ ಆ ತೀರ್ಪನ್ನು ಬರೆದವರು ನಮ್ಮ ನಾಡಿನವರಾದ ನ್ಯಾಯಮೂರ್ತಿ ಬಿ.ವಿ. ನಾಗರತ್ನ, ಪೀಠದ ಐವರಲ್ಲಿ ಎಸ್. ಅಬ್ದುಲ್ ನಜೀರ್, ಎ.ಎಸ್. ಬೋಪಣ್ಣ ಅವರೂ ಸೇರಿ ಮೂವರು ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಗಳಾಗಿದ್ದವರು. ದೂರುದಾರ ಇಲ್ಲವಾದರೂ, ಪ್ರತಿಕೂಲನಾದರೂ, ಉಳಿದ ಸಾಕ್ಷ್ಯ ಮತ್ತು ಸಂದರ್ಭಗಳಿಂದ ಬೇಡಿಕೆಯನ್ನು ಸಾಬೀತುಪಡಿಸಬಹುದು ಎಂದಿತು ಪೀಠ. ಬಾಗಿಲು ತೆರೆದಂತಾಯಿತು. ಆದರೆ ಮರುವರ್ಷ ಮಾರ್ಚ್‌ನಲ್ಲಿ ಅದೇ ಪ್ರಕರಣ ಇಬ್ಬರು ನ್ಯಾಯಮೂರ್ತಿಗಳ ಪೀಠದ ಮುಂದೆ ಬಂದಾಗ, ಬೇಡಿಕೆ ಸಾಬೀತಾಗಿಲ್ಲವೆಂದು ಆರೋಪಿ ಖುಲಾಸೆಯಾದರು. ದೂರುದಾರರು ವಿಚಾರಣೆಗೆ ಮೊದಲೇ ತೀರಿಕೊಂಡಿದ್ದರು, ಉಳಿದ ಸಾಕ್ಷ್ಯ ಅಷ್ಟು ದೂರ ಕರೆದೊಯ್ಯಲಿಲ್ಲ. ಇದರಲ್ಲಿ ವಿರೋಧಾಭಾಸ ಹುಡುಕುವವರಿದ್ದಾರೆ. ನನಗೆ ಮಾತ್ರ ಇದು ಒಂದೇ ಮನಸ್ಸಿನ ಎರಡು ನಡೆಗಳಂತೆ ಕಾಣುತ್ತದೆ: ಕೇಳಿಸಿಕೊಳ್ಳುವುದರಲ್ಲಿ ಧಾರಾಳ, ನಂಬುವುದರಲ್ಲಿ ನಿಧಾನ. ನಾವು ಸಾಮಾನ್ಯವಾಗಿ ಇದನ್ನು ತಿರುವುಮುರುವು ಮಾಡುತ್ತೇವೆ.

ನಂಬುವುದಕ್ಕೆ ನಮಗಿರುವ ಸುಲಭದ ಸಾಧನವೆಂದರೆ ಮುಖ. ಮುಖ ನೋಡಿದರೆ ಗೊತ್ತಾಗುತ್ತೆ ಬಿಡಿ ಎನ್ನುತ್ತೇವೆ. ಯಾಜ್ಞವಲ್ಕ್ಯ ಸ್ಮೃತಿಯಲ್ಲೂ ಸುಳ್ಳಾಡುವವನ ಲಕ್ಷಣಗಳಿವೆ: ಒಂದೆಡೆ ನಿಲ್ಲದೆ ಓಡಾಡುವುದು, ತುಟಿಯಂಚು ನೆಕ್ಕುವುದು, ಹಣೆ ಬೆವರುವುದು, ಮುಖ ಬಣ್ಣಗೆಡುವುದು, ಮಾತು ತೊದಲುವುದು. ಚಾಲುಕ್ಯ ಆರನೇ ವಿಕ್ರಮಾದಿತ್ಯನ ಕಾಲದಲ್ಲಿ, ಇಂದು ಬೀದರ್ ಜಿಲ್ಲೆಯಲ್ಲಿರುವ ಕಲ್ಯಾಣದಲ್ಲಿ ಕೂತು ಆ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರ ಈ ಪಟ್ಟಿಗೆ ಬಂದಾಗ ಒಂದು ಕ್ಷಣ ನಿಲ್ಲುತ್ತಾನೆ. ಇವೆಲ್ಲ ದೋಷವಿರಬಹುದೆಂಬ ಸಂಭಾವನೆಯನ್ನಷ್ಟೇ ಸೂಚಿಸುತ್ತವೆ, ನಿಶ್ಚಯವನ್ನಲ್ಲ. ಯಾವುದು ಸ್ವಭಾವದಿಂದ ಬಂದ ವಿಕಾರ, ಯಾವುದು ಕಾರಣದಿಂದ ಬಂದದ್ದು ಎಂದು ಬಿಡಿಸಿ ತಿಳಿಯುವುದು ಕಷ್ಟ ಎಂಬ ಎಚ್ಚರ ಅವನದು. ಒಂದು ವೇಳೆ ಅತಿ ಜಾಣನೊಬ್ಬ ಬಿಡಿಸಿ ತಿಳಿದನೆಂದೇ ಇಟ್ಟುಕೊಂಡರೂ, ಅಷ್ಟರಿಂದಲೇ ಸೋಲಿನ ತೀರ್ಪು ಕೊಡುವಂತಿಲ್ಲ ಎಂದು ಮುಂದುವರಿದು, ಸಾಯುವ ಲಕ್ಷಣ ಕಂಡಿತೆಂದು ಬದುಕಿರುವವನಿಗೆ ಯಾರೂ ಉತ್ತರಕ್ರಿಯೆ ಮಾಡುವುದಿಲ್ಲವಲ್ಲ ಎಂಬರ್ಥದ ಮಾತು ಸೇರಿಸುತ್ತಾನೆ. ಸುಮಾರು ಒಂಬೈನೂರು ವರ್ಷಗಳ ಹಿಂದೆ ಈ ನೆಲದಲ್ಲಿ ಕೂತು ಒಬ್ಬ ಇಷ್ಟು ಮೆಲ್ಲಗೆ ಯೋಚಿಸಿದ್ದನ್ನು ಓದಿದಾಗ ಮನಸ್ಸು ತುಂಬಿಬರುತ್ತದೆ.

ಆಧುನಿಕ ಮನಶ್ಶಾಸ್ತ್ರವೂ ಅವನ ಪರವಾಗಿಯೇ ನಿಂತಿದೆ. ಸುಳ್ಳು ಗುರುತಿಸುವ ಬಗೆಗಿನ ಇನ್ನೂರಕ್ಕೂ ಹೆಚ್ಚು ವರದಿಗಳನ್ನು ಒಟ್ಟುಗೂಡಿಸಿ ಬಾಂಡ್ ಮತ್ತು ಡಿಪೌಲೋ ಎಂಬ ಇಬ್ಬರು ಸಂಶೋಧಕರು 2006ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ನೋಡಿ ಕೇಳಿ ನಿಜ ಸುಳ್ಳು ಹೇಳುವುದರಲ್ಲಿ ಜನ ಸರಿಯಾಗುವುದು ಸರಾಸರಿ ಶೇ 54ರಷ್ಟು ಸಲ ಮಾತ್ರ. ಕಣ್ಣುಮುಚ್ಚಿ ಊಹಿಸಿದರೂ ಅರ್ಧದಷ್ಟು ಸರಿಯಾಗುತ್ತದೆ. ಹೀಗಿರುವಾಗ ಪೀಣ್ಯದ ಆ ಹುಡುಗ ನ್ಯಾಯಾಧೀಶರ ಮುಂದೆ ಕಣ್ಣೆತ್ತದೆ ನಿಂತರೆ ನಾವೇನೆಂದು ಓದಿಕೊಳ್ಳುತ್ತೇವೆ? ಅವನ ಊರಿನಲ್ಲಿ ದೊಡ್ಡವರ ಮುಂದೆ ಕಣ್ಣಿಟ್ಟು ಮಾತಾಡುವುದೇ ಉದ್ಧಟತನ. ಪಾಟೀಸವಾಲಿನಲ್ಲಿ ವಕೀಲರು ಏರುದನಿಯಲ್ಲಿ ಕೇಳಿದ್ದಕ್ಕೆಲ್ಲ ಅವನು ‘ಹೌದ್ರೀ’ ಎಂದರೆ ಅದು ಒಪ್ಪಿಗೆಯೋ, ದೊಡ್ಡವರ ಮಾತಿಗೆ ಎದುರಾಡಬಾರದೆಂಬ ಅಭ್ಯಾಸವೋ? ಎಲೆಕ್ಟ್ರಾನಿಕ್ ಸಿಟಿಯ ಇಂಜಿನಿಯರ್ ಒಬ್ಬ ಪಾಸ್‌ಪೋರ್ಟ್ ಪರಿಶೀಲನೆಗೆ ಬಂದವರು ‘ಖರ್ಚಿಗೆ’ ಕೇಳಿದ್ದನ್ನು ಹೇಳುವಾಗ ಫೋನಿನಲ್ಲಿ ದಿನ, ಗಂಟೆ, ನಿಮಿಷವೆಲ್ಲ ಇರುತ್ತದೆ. ಆ ಅಚ್ಚುಕಟ್ಟು ಅವನ ಬದುಕಿನ ಅನುಕೂಲದಿಂದ ಬಂದದ್ದು. ಅದನ್ನೇ ಪ್ರಾಮಾಣಿಕತೆಯೆಂದು ಲೆಕ್ಕಕ್ಕೆ ಹಿಡಿದರೆ, ದಸರಾ ಮತ್ತು ಶಿಫ್ಟುಗಳಿಂದ ಕಾಲವನ್ನು ಅಳೆಯುವವನಿಗೆ ನಾವು ಅನ್ಯಾಯ ಮಾಡುತ್ತೇವೆ. ಸಾಕ್ಷಿಯ ನೆನಪು ಫೋಟೊ ತೆಗೆದಂತಿರಬೇಕೆಂದು ನಿರೀಕ್ಷಿಸಬಾರದು, ಸಣ್ಣಪುಟ್ಟ ವ್ಯತ್ಯಾಸಗಳಿಗೆ ಇಲ್ಲದ ಮಹತ್ವ ಕೊಡಬಾರದು ಎಂದು ಸುಪ್ರೀಂ ಕೋರ್ಟ್ 1983ರಲ್ಲೇ ಹೇಳಿದೆ.

ವಿಜ್ಞಾನೇಶ್ವರ ಹೊಗಳಿಕೆಗಷ್ಟೇ ಅರ್ಹನೆಂದು ನಾನು ಹೇಳಲಾರೆ. ಅವನು ವ್ಯಾಖ್ಯಾನಿಸಿದ ಸ್ಮೃತಿ ಸಾಕ್ಷಿಯಾಗಲು ಯಾರು ಯಾರು ಯೋಗ್ಯರಲ್ಲವೆಂದು ಉದ್ದನೆಯ ಪಟ್ಟಿ ಕೊಡುತ್ತದೆ. ಹೆಂಗಸರು, ಮಕ್ಕಳು, ಮುದುಕರು, ಜೂಜುಕೋರರು, ಕುಡುಕರು, ನಟರು, ಶತ್ರುಗಳು, ಕಳ್ಳರು ಎಲ್ಲ ಅದರಲ್ಲಿದ್ದಾರೆ. ಓದಿದರೆ ಬೇಸರವಾಗುತ್ತದೆ. ಆದರೆ ಮರುಕ್ಷಣವೇ ಅದೇ ಸ್ಮೃತಿ, ಕಳವು ಹಲ್ಲೆ ಬಲಾತ್ಕಾರದಂಥ ಸಂಗತಿಗಳಲ್ಲಿ ಯಾರು ಬೇಕಾದರೂ ಸಾಕ್ಷಿಯಾಗಬಹುದು ಎಂದು ಬೇಲಿ ತೆಗೆದುಬಿಡುತ್ತದೆ. ಮರೆಯಲ್ಲಿ ನಡೆಯುವ ಅನ್ಯಾಯಕ್ಕೆ ಯೋಗ್ಯ ಸಾಕ್ಷಿಗಳನ್ನು ಆರಿಸಿ ತರಲಾಗದು, ಅಲ್ಲಿದ್ದವರೇ ಸಾಕ್ಷಿ ಎಂಬ ಬದುಕಿನ ಸತ್ಯಕ್ಕೆ ಅಷ್ಟು ಕಟ್ಟುನಿಟ್ಟಿನ ಗ್ರಂಥವೂ ತಲೆಬಾಗಿತು. ಪಟ್ಟಿ ಈಗ ಕಾನೂನಿನಲ್ಲಿಲ್ಲ. ನಮ್ಮ ಮನಸ್ಸಿನಲ್ಲಿ ಇಲ್ಲವೆನ್ನಬಹುದೇ? ಹೊರರಾಜ್ಯದವನು, ಪಿಜಿಯಲ್ಲಿರುವವನು, ರಾತ್ರಿ ತಿರುಗುವವನು, ಗಾರ್ಮೆಂಟ್ಸಿಗೆ ಹೋಗುವವಳು, ಕುಡಿದಿದ್ದನಂತೆ, ಕೇಸಿದೆಯಂತೆ ಎಂದು ನಾವು ದಿನವೂ ಹೊಸ ಹೆಸರುಗಳನ್ನು ಸೇರಿಸುತ್ತಲೇ ಇದ್ದೇವೆ.

1957ರ ವಡಿವೇಲು ತೇವರ್ ಪ್ರಕರಣದ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಸಾಕ್ಷಿಗಳಲ್ಲಿ ಮೂರು ಬಗೆ ಹೇಳಿತು: ಪೂರ್ತಿ ನಂಬಬಹುದಾದವರು, ಒಂದಿಷ್ಟೂ ನಂಬಲಾಗದವರು, ಎರಡೂ ಅಲ್ಲದವರು. ಮೊದಲ ಎರಡರಲ್ಲಿ ಕಷ್ಟವಿಲ್ಲ. ಕಷ್ಟವಿರುವುದು ಮೂರನೆಯದರಲ್ಲಿ, ಎಚ್ಚರದಿಂದ ಬೇರೆ ಆಸರೆ ಹುಡುಕಬೇಕಾದ್ದು ಅಲ್ಲಿ ಎಂದಿತು. ಆ ಮೂರನೆಯ ಬಗೆಯಲ್ಲಿ ನಮ್ಮಲ್ಲಿ ಬಹುತೇಕ ಎಲ್ಲರೂ ಇದ್ದೇವೆಯೆಂದು ಯಾರಿಗೆ ಗೊತ್ತಿಲ್ಲ? ಒಂದು ಮಾತು ಸುಳ್ಳಾದರೆ ಎಲ್ಲವೂ ಸುಳ್ಳು ಎಂಬ ಸೂತ್ರವನ್ನು ನಮ್ಮ ನ್ಯಾಯಾಲಯಗಳು ಒಪ್ಪಿಲ್ಲ; ಮೊರದಲ್ಲಿ ಕೇರುವ ಹೆಂಗಸು ಜೊಳ್ಳು ಹಾರಿಸುತ್ತ ಕಾಳನ್ನು ಉಳಿಸಿಕೊಳ್ಳುವಂತೆ ಸಾಕ್ಷ್ಯವನ್ನು ಕೇರಬೇಕೆನ್ನುತ್ತವೆ. ಬೈಕಿನ ಇನ್ಶೂರೆನ್ಸ್ ಬಗ್ಗೆ ಹುಡುಗ ಮೊದಲು ಸುಳ್ಳು ಹೇಳಿರಬಹುದು. ಅದು ಹಾರಿಹೋಗಲಿ. ಚಹಾ ಅಂಗಡಿಯ ಎರಡು ಸಾವಿರ ಉಳಿಯುತ್ತದೆಯೇ ನೋಡಬೇಕು: ಆ ದಿನ ಅವನು ಯಾರಿಗೆ ಫೋನು ಮಾಡಿದ್ದ, ಯಾರ ಬಳಿ ಸಾಲ ಎತ್ತಿದ್ದ, ಬೈಕು ಹಿಡಿದದ್ದಕ್ಕೆ ಠಾಣೆಯಲ್ಲಿ ಯಾವ ದಾಖಲೆಯಿದೆ, ದಾಖಲೆಯೇ ಇಲ್ಲದೆ ಅದು ಅಷ್ಟು ದಿನ ಅಂಗಳದಲ್ಲಿ ಏಕೆ ನಿಂತಿತ್ತು?

ಹಾಗೆಯೇ ಆ ಕಡೆಯ ಮನುಷ್ಯನನ್ನೂ ನೋಡಬೇಕಲ್ಲವೇ? ಖಾಕಿ ತೊಟ್ಟವರೆಲ್ಲ ತಿನ್ನುವವರೇ ಎಂದು ಮೊದಲೇ ತೀರ್ಮಾನಿಸಿ ಕೂತವನು ಹುಡುಗನನ್ನು ನಂಬಿದರೂ ಆ ನಂಬಿಕೆಗೆ ಬೆಲೆಯಿಲ್ಲ. ಅವನು ಹುಡುಗನ ಮಾತನ್ನು ಕೇಳಿಯೇ ಇಲ್ಲ. ಅಕ್ರಮವನ್ನು ತಡೆದ ಕಾನ್‌ಸ್ಟೆಬಲ್ ಮೇಲೆ ಹಗೆ ಸಾಧಿಸಲು ದೂರು ಕೊಟ್ಟವರೂ ಇರಬಹುದು. ಕೈಗೆ ಸಿಕ್ಕಿಬೀಳುವವನು ಹೆಚ್ಚಾಗಿ ಕೆಳಗಿನವನೇ. ಯಾರಿಗಾಗಿ ಕೇಳಿದ, ಯಾರ ಮಾತಿನ ಮೇಲೆ ಕೇಳಿದ ಎಂಬುದು ಮಹಜರಿನ ಕಾಗದದಲ್ಲಿ ಮೂಡುವುದೇ ಇಲ್ಲ. ಇನ್ನು ತನಿಖೆ ಮಾಡುವವರೂ ಪೊಲೀಸರೇ. 2016ರಲ್ಲಿ ಹುಟ್ಟಿದ ಭ್ರಷ್ಟಾಚಾರ ನಿಗ್ರಹ ದಳವನ್ನು (ಎಸಿಬಿ) 2022ರ ಆಗಸ್ಟ್ 11ರಂದು ಕರ್ನಾಟಕ ಹೈಕೋರ್ಟ್ ರದ್ದುಪಡಿಸಿ ಲೋಕಾಯುಕ್ತಕ್ಕೆ ಅಧಿಕಾರ ಮರಳಿಸಿದಾಗ ನಾಡು ನಿಟ್ಟುಸಿರುಬಿಟ್ಟಿತು. ಆದರೂ ಪೊಲೀಸರ ಮೇಲಿನ ದೂರನ್ನು ನಿಯೋಜನೆಯ ಮೇಲೆ ಬಂದ ಪೊಲೀಸರೇ ವಿಚಾರಿಸುವ ಸ್ಥಿತಿ ಹಾಗೆಯೇ ಇದೆ.

ಎಲ್ಲಕ್ಕಿಂತ ನೋವಾಗುವುದು ಸಾಕ್ಷಿ ಪ್ರತಿಕೂಲನಾದಾಗ. ವರ್ಷಗಳ ಮೇಲೆ ಸಮನ್ಸ್ ಬರುತ್ತದೆ. ಅಷ್ಟರಲ್ಲಿ ಹುಡುಗ ಮದುವೆಯಾಗಿರುತ್ತಾನೆ, ಅದೇ ಠಾಣೆಯ ಸರಹದ್ದಿನಲ್ಲಿ ಬಾಡಿಗೆ ಮನೆಯಲ್ಲಿರುತ್ತಾನೆ. ‘ಸಾಹೇಬ್ರು ದುಡ್ಡು ಕೇಳಿಲ್ರೀ, ನಾನೇ ಕೊಟ್ಟೆ’ ಎಂದುಬಿಡುತ್ತಾನೆ. ನಾವು ಅವನನ್ನು ಮಾರಿಕೊಂಡವನು ಎಂದು ಕರೆಯುತ್ತೇವೆ. ಹಣಕ್ಕೆ ಮಾರಿಕೊಂಡವರೂ ಇದ್ದಾರು. ಆದರೆ ಆ ಠಾಣೆಯ ಮುಂದೆ ದಿನವೂ ಹಾದುಹೋಗಬೇಕಾದವನು ನಾನಾಗಿದ್ದರೆ ಏನು ಹೇಳುತ್ತಿದ್ದೆನೋ! ನೆರಳು ಸಾಕ್ಷಿಯಾಗಿದ್ದ ಗುಮಾಸ್ತರ ಸ್ಥಿತಿ ಇನ್ನೂ ಮೌನವಾದದ್ದು. ಅವರು ಆ ದಿನ ಮೇಲಧಿಕಾರಿಯ ಆದೇಶದ ಮೇಲೆ ಬಂದವರು. ಠಾಣೆಯ ಬಾಗಿಲಲ್ಲಿ ನಿಂತಿದ್ದೆ, ಒಳಗಿನ ಮಾತು ಸರಿಯಾಗಿ ಕೇಳಿಸಲಿಲ್ಲ ಎನ್ನುತ್ತಾರೆ. ಹಲವು ಸಲ ಅದು ನಿಜವೇ ಇರುತ್ತದೆ: ಹೊರಗೆ ಲಾರಿಗಳ ಸದ್ದು, ಒಳಗೆ ವಾಕಿಟಾಕಿಯ ಗಲಾಟೆ. ಕೇಳಿಸದ್ದನ್ನು ಕೇಳಿಸಿತೆನ್ನದ ಆ ಗುಮಾಸ್ತರನ್ನು ನಾನು ಗೌರವಿಸುತ್ತೇನೆ, ಆ ಮಾತಿನಿಂದ ಪ್ರಕರಣ ಬಿದ್ದುಹೋದರೂ ಸರಿ. ಕೇಳಿಸಿದ್ದನ್ನು ಕೇಳಿಸಲಿಲ್ಲ ಎಂದವರನ್ನು ಹೊರಗಿನಿಂದ ಗುರುತಿಸುವ ಉಪಾಯ ನನಗೆ ತಿಳಿದಿಲ್ಲ.

2018ರ ತಿದ್ದುಪಡಿಯ ನಂತರ ಲಂಚ ಕೊಡುವುದೂ ಅಪರಾಧ. ಬಲವಂತಕ್ಕೆ ಸಿಕ್ಕಿ ಕೊಟ್ಟವನು ಕೊಟ್ಟ ದಿನದಿಂದ ಏಳು ದಿನದೊಳಗೆ ದೂರು ಕೊಟ್ಟರೆ ಮಾತ್ರ ಅವನಿಗೆ ರಕ್ಷಣೆ. ಪೀಣ್ಯದ ಹುಡುಗನ ವಾರವನ್ನು ಲೆಕ್ಕ ಹಾಕಿ ನೋಡಿ. ಆರು ದಿನ ಶಿಫ್ಟು. ರಜೆಯಿರುವ ಭಾನುವಾರ ಕಚೇರಿ ತೆರೆದಿರುವುದಿಲ್ಲ. ಒಂದು ದಿನದ ಕೂಲಿ ಬಿಟ್ಟು, ಮೆಟ್ರೊ ಹಿಡಿದು, ಮೆಜೆಸ್ಟಿಕ್‌ನಲ್ಲಿ ಬದಲಿಸಿ, ವಿಧಾನಸೌಧದ ಬಳಿ ಇಳಿದು, ಬಹುಮಹಡಿ ಕಟ್ಟಡದ ಲೋಕಾಯುಕ್ತ ಕಚೇರಿಗೆ ಅವನು ಬರಬೇಕು. ಬರುವ ಮೊದಲು ಇಂಥದ್ದೊಂದು ಕಾನೂನು, ಇಂಥದ್ದೊಂದು ಗಡುವು ಇದೆಯೆಂದು ಯಾರಾದರೂ ಅವನಿಗೆ ಹೇಳಿರಬೇಕು. ಆ ಯಾರಾದರೂ ಸಾಮಾನ್ಯವಾಗಿ ಶಾಪಿನ ಮಾಲೀಕನೋ, ಸೂಪರ್‌ವೈಸರೋ, ಮನೆ ಓನರೋ, ನಮ್ಮಂಥವರೋ ಆಗಿರುತ್ತೇವೆ. ಅವನು ಮೊದಲ ಸಲ ಆ ಕಥೆ ಹೇಳುವುದು ನಮಗೇ: ಹಿಂದುಮುಂದಾಗಿ, ಐದೋ ಮೂರೋ ಎಂಬ ಗೊಂದಲದಲ್ಲಿ, ತನ್ನ ತಪ್ಪನ್ನು ಅರ್ಧ ಮುಚ್ಚಿಟ್ಟುಕೊಂಡು. ಆಗ ನಾವು ಎರಡನೆಯ ಸಲ, ಮೂರನೆಯ ಸಲ ಸಮಾಧಾನದಿಂದ ಕೇಳಿದರೆ ಚಹಾ ಅಂಗಡಿಯ ಮಾತು ಹೊರಬರುತ್ತದೆ. ಮೊದಲ ಸಲಕ್ಕೇ ಅವನ ಇನ್ಶೂರೆನ್ಸ್ ಕೇಳಿದರೆ, ‘ಹೋಗ್ಲಿ ಬಿಡ್ರೀ ಸರ’ ಎಂದು ಶಿಫ್ಟಿಗೆ ಹೊರಟುಬಿಡುತ್ತಾನೆ.